ಮಾಸ್ತರ ಹಾಸಿಗೆಯ ನಾಲ್ಕು ಮೂಲೆ

ಅಂಗಡಿ ಮುಚ್ಚಿ ಎರಡು ವರ್ಷವಾದರೂ ಮಧ್ಯಾಹ್ನದ ನಿದ್ದೆಯಲ್ಲಿ ನನ್ನ ಬಲಗಾಲು ಆಡುತ್ತದೆಯಂತೆ. ಹಿಮ್ಮಡಿ ಮೇಲೆ, ಬೆರಳು ಕೆಳಗೆ. ಬೆರಳು ಮೇಲೆ, ಹಿಮ್ಮಡಿ ಕೆಳಗೆ. ನನ್ನ ಹೆಂಡತಿ ಜರೀನಾ ಪಕ್ಕದಲ್ಲಿ ಅಕ್ಕಿ ಆರಿಸುತ್ತ ಅದನ್ನೇ ನೋಡುತ್ತಿರುತ್ತಾಳೆ. ಎದ್ದ ಕೂಡಲೇ ಕೇಳುತ್ತಾಳೆ, “ಇವತ್ತು ಯಾರದು ಹೊಲಿದ್ರಿ?” ಯಾರದೆಂದು ಹೇಳಲಿ? ಕನಸಿನಲ್ಲಿ ಬಟ್ಟೆ ಮುಗಿಯುವುದೇ ಇಲ್ಲ. ಬಿಳಿ ಬಟ್ಟೆ ಸೂಜಿಯ ಕೆಳಗೆ ಹಾದು, ಆಚೆ ಕಡೆ ಇಳಿದು, ನೆಲದ ಮೇಲೆ ನೀರಿನ ಹಾಗೆ ಸರಿದು, ಹೊಸ್ತಿಲು ದಾಟಿ ರಸ್ತೆಗೆ ಹೋಗುತ್ತಿರುತ್ತದೆ. ಅದರ ಕೊನೆ ಎಲ್ಲಿದೆ ಎಂದು ನಾನು ಎದ್ದು ನೋಡುವುದಿಲ್ಲ. ಹೊಲಿಯುತ್ತಿರುತ್ತೇನೆ, ಅಷ್ಟೇ.

ನಮ್ಮ ಶಿಕಾರಿಪುರದ ಹೊಲಿಗೆ ತರಗತಿಯ ಹುಡುಗಿಯರು ಮೊನ್ನೆ ಮನೆಗೆ ಬಂದು, “ನಿಮ್ಮ ಅನುಭವ ಬರೆದು ಕೊಡ್ರೀ ದಾದಾಪೀರಣ್ಣ, ನಾವು ಓದ್ತೀವಿ” ಎಂದರು. ನಾನು ಆರನೇ ಕ್ಲಾಸಿಗೆ ಶಾಲೆ ಬಿಟ್ಟವನು. ಜೀವಮಾನದಲ್ಲಿ ಬರೆದದ್ದೆಲ್ಲ ಗಿರಾಕಿಗಳ ಎದೆ, ಸೊಂಟ, ತೋಳು. ಆದರೂ ನನ್ನ ಕೈಕೆಲಸದ ಮಾತನ್ನು ಇನ್ನೊಬ್ಬರು ಹೇಳಿದರೆ ನನಗೆ ಸರಿಬರುವುದಿಲ್ಲ. ಈ ಊರಿನಲ್ಲಿ ನಾನು ಕೂರಿಸಿದ ಕಾಲರು ಅಂಗಿ ಹರಿದ ಮೇಲೂ ನಿಂತಿರುತ್ತಿತ್ತು. ಇದು ಜಂಬವಲ್ಲ, ಹಾಕಿಕೊಂಡವರನ್ನು ಕೇಳಿ.

ಸಫಾರಿ, ಶೇರ್ವಾನಿಗಳ ಕತೆ ಬರುತ್ತದೆಂದು ನೀವು ಕಾದಿರಬಹುದು. ನಾನು ಬರೆಯುವುದು ಒಂದು ಹಾಸಿಗೆ ಬಟ್ಟೆಯ ಕತೆ. ಅಂಗಡಿ ಮುಚ್ಚಿದ ಮೇಲೆ ಹೊಲಿದದ್ದು. ನನ್ನ ಕೆಲಸದ ಅತಿ ದೊಡ್ಡ ತಪ್ಪು ಆಗಿದ್ದು ಅದರಲ್ಲೇ.

ಅದಕ್ಕೆ ಮೊದಲು ನನ್ನ ಗುರುಗಳ ಪರಿಚಯ ಆಗಬೇಕು. ಜಡೆಯ ಚನ್ನಬಸಪ್ಪ ಮಾಸ್ತರು. ದಿನಾ ಬೆಳಗ್ಗೆ ಜಡೆಯಿಂದ ಬಸ್ಸಿನಲ್ಲಿ ಸೊರಬಕ್ಕೆ ಬಂದು ಅಂಗಡಿ ತೆರೆಯುತ್ತಿದ್ದರು. ಹಣೆಯ ಮೇಲೆ ವಿಭೂತಿ, ಕಿವಿಯ ಮೇಲೆ ಸೀಮೆಸುಣ್ಣದ ತುಂಡು, ಬಾಯಲ್ಲಿ ಮಾತಿಲ್ಲ. ಒಂಬತ್ತು ವರ್ಷ ಅವರ ಹತ್ತಿರ ಕಲಿತೆ. ಅಷ್ಟು ವರ್ಷದಲ್ಲಿ ನನ್ನ ಕೆಲಸಕ್ಕೆ ಅವರು ಹೇಳಿದ್ದು ಎರಡೇ ಶಬ್ದ. ಹೊಲಿದು ಮುಂದೆ ಇಟ್ಟರೆ ಅಂಗೈಯ ಹಿಂಬದಿಯಿಂದ ಒಂದು ಸಲ ಸವರುವರು. ಸರಿಯಿಲ್ಲದಿದ್ದರೆ “ಬಿಚ್ಚು.” ಸರಿಯಿದ್ದರೆ “ಮಡಚು.” ಮಡಚು ಎಂದರೆ ಗಿರಾಕಿಗೆ ಕೊಡಬಹುದು ಎಂದರ್ಥ. ಚಲೋ ಆಗಿದೆ, ಭೇಷ್, ಇಂಥದ್ದೆಲ್ಲ ಅವರ ಬಾಯಲ್ಲಿ ನಾನು ಕೇಳಿದವನಲ್ಲ. ಒಂದು “ಮಡಚು” ಸಿಕ್ಕ ದಿನ ನಾನು ಸೊರಬದ ಬಸ್‌ಸ್ಟ್ಯಾಂಡಿನಲ್ಲಿ ನೆಲದ ಮೇಲೆ ಕಾಲಿಡದೆ ನಡೆದಂತೆ ನಡೆಯುತ್ತಿದ್ದೆ.

ಮಾಸ್ತರದು ಒಂದು ಪದ್ಧತಿ ಇತ್ತು. ಅಂಗಡಿಯಲ್ಲಿ ಒಂದು ಮರದ ಸ್ಟೂಲು. ಪ್ಯಾಂಟಿಗೆ ಬಂದವರನ್ನು ನಿಲ್ಲಿಸಿ ಅಳೆದ ಮೇಲೆ ಅದರ ಮೇಲೆ ಕೂರಿಸಿ ಇನ್ನೊಂದು ಸಲ ಅಳೆಯುವರು. ಗದ್ದೆ ಕೆಲಸದವರಾದರೆ ಕುಕ್ಕರಗಾಲಲ್ಲಿ ಕೂರಿಸುವರು. ಜನ ನಗುತ್ತಿದ್ದರು. “ಏನ್ ಮಾಸ್ತರೇ, ಪ್ಯಾಂಟು ಹೊಲೀತೀರೋ, ಕಸರತ್ತು ಮಾಡ್ಸ್ತೀರೋ?” ಮಾಸ್ತರು ನಗುತ್ತಿರಲಿಲ್ಲ. “ನೀನು ದಿನಾಲು ನಿಂತೇ ಇರ್ತಿಯೇನಾ?” ಎನ್ನುವರು, ಅಷ್ಟೇ.

ಹರೆಯದ ನನಗೆ ಇದು ಮುದುಕರ ಚಾಳಿ ಎನಿಸಿತ್ತು. ಒಂದು ದಿನ ಮಾಸ್ತರು ನೆಂಟರ ಮದುವೆಗೆ ಹೋಗಿದ್ದಾಗ ಬಸ್ ಡ್ರೈವರ್ ಒಬ್ಬರು ಪ್ಯಾಂಟಿಗೆ ಅಳತೆ ಕೊಡಲು ಬಂದರು. ಬಸ್ಸು ಹೊರಡುವ ಹೊತ್ತು. ಅವರಿಗೂ ಅವಸರ, ನನಗೂ ನನ್ನ ಕೈಯ ಮೇಲೆ ಭಾರೀ ಭರವಸೆ. ನಿಲ್ಲಿಸಿ ಅಳೆದೆ, ಕಳಿಸಿದೆ, ಹೊಲಿದೆ, ಮಾಸ್ತರಿಗೆ ತೋರಿಸದೆ ಕೊಟ್ಟೂ ಬಿಟ್ಟೆ. ಎರಡು ದಿನಕ್ಕೆ ಆ ಮನುಷ್ಯ ಸೊಂಟಕ್ಕೆ ಟವೆಲ್ ಸುತ್ತಿಕೊಂಡು ಅಂಗಡಿಗೆ ನುಗ್ಗಿದರು.

“ಎಲ್ರೀ ಮಾಸ್ತರೇ! ಸೀಟಿಗೆ ಹತ್ತಿ ಕೂತೆ ನೋಡ್ರಿ, ಪರ್ ಅಂತು! ನನ್ನ ಚಡ್ಡಿ ಬಣ್ಣ ಇಡೀ ಬಸ್ಸಿಗೆ ಗೊತ್ತಾತು!”

ಮಾಸ್ತರು ಪ್ಯಾಂಟು ತಿರುಗಿಸಿ ನೋಡಿದರು. ಅದು ಯಾರ ಕತ್ತರಿ ಎಂದು ಅವರಿಗೆ ಕಾಣದೆ ಇರಲಿಲ್ಲ. ನಾನು ಮಷೀನಿಗೆ ತಲೆ ಬಗ್ಗಿಸಿ ಸುಮ್ಮನೆ ಕಾಲು ತುಳಿಯುತ್ತಿದ್ದೆ. ಸೂಜಿಯಲ್ಲಿ ದಾರವೇ ಇರಲಿಲ್ಲ. ಮಾಸ್ತರು ಡ್ರೈವರಿಗೆ, “ಅಳತೆ ನಂದು, ತಪ್ಪೂ ನಂದೇ. ಕೂತ್ಕಳಿ” ಎಂದು ಸ್ಟೂಲು ಎಳೆದರು. ಅವರನ್ನು ಕಳಿಸಿದ ಮೇಲೆ ಪ್ಯಾಂಟನ್ನು ನನ್ನ ಮಡಿಲಿಗೆ ಹಾಕಿದರು. “ಬಿಚ್ಚು.”

ಬಿಚ್ಚಿದೆ. ಆದರೆ “ನಾನು ಮಾಡಿದ್ದು” ಎಂಬ ಮಾತು ಬಾಯಿಂದ ಬರಲಿಲ್ಲ. ಮರುವರ್ಷ ಶಿಕಾರಿಪುರಕ್ಕೆ ಬಂದು ನನ್ನದೇ ಅಂಗಡಿ ಇಟ್ಟೆ. ಆ ಮಾತು ನನ್ನೊಂದಿಗೇ ಬಂತು.

ಆಮೇಲಿನದು ನಿಮಗೆ ಗೊತ್ತಿರುವಂಥದ್ದೇ. ಕಾಲಿನ ಮಷೀನು ಹೋಗಿ ಮೋಟಾರು ಬಂತು. ಮೋಟಾರಿನಲ್ಲಿ ಕೆಲಸ ಬೇಗ ಆಗುತ್ತದೆ, ಅದನ್ನು ನಾನು ಬೈಯುವುದಿಲ್ಲ. ಆದರೆ ಕಾಲಿನ ಮಷೀನು ನಮ್ಮ ಮನಸ್ಸಿನ ಹಾಗೇ ಓಡುತ್ತಿತ್ತು. ಅನುಮಾನ ಬಂದಲ್ಲಿ ಕಾಲು ತಾನೇ ನಿಧಾನವಾಗುತ್ತಿತ್ತು. ಮೋಟಾರಿಗೆ ಅನುಮಾನ ಇಲ್ಲ. ರೆಡಿಮೇಡ್ ಬಂದ ಮೇಲೆ ಗಿರಾಕಿ ಕಮ್ಮಿಯಾದರು, ಕಣ್ಣು ಮಂಜಾಯಿತು, ಬಾಗಿಲು ಹಾಕಿದೆ.

ಹೋದ ಚಳಿಗಾಲದಲ್ಲಿ ಜಡೆಯಿಂದ ಫೋನು ಬಂತು. ಮಾಸ್ತರ ಮಗಳು ಶಾರದ. ಊರಿನ ಅಂಗನವಾಡಿಯಲ್ಲಿ ಟೀಚರು, ಅವಳ ಮನೆಯಲ್ಲೇ ಮಾಸ್ತರು ಇರುವುದು. ಲಕ್ವ ಹೊಡೆದು ಬಲಗೈ, ಬಲಗಾಲು ಬಿದ್ದುಹೋಗಿದೆ, ಮಾತೂ ಹೋಗಿದೆ ಎಂದು ನನಗೆ ತಿಳಿದಿತ್ತು. ಒಮ್ಮೆ ಹಣ್ಣು ಹಿಡಿದು ಹೋಗಿ ನೋಡಿಯೂ ಬಂದಿದ್ದೆ.

“ದಾದಣ್ಣ, ಅಪ್ಪನ ಬೆನ್ನು ಕೆಂಪಾಗ್ತಾ ಐತೆ” ಎಂದಳು. “ಎರಡು ತಾಸಿಗೊಂದ್ಸಲ ಹೊರಳಿಸ್ತೀವಿ. ಹೊರಳಿಸಿದಾಗೆಲ್ಲ ಬೆಡ್‌ಶೀಟು ಮುದ್ದೆಯಾಗಿ ಬೆನ್ನಡಿಗೆ ಬಂದು ಕೂರ್ತದೆ. ನೆರಿಗೆ ಮೇಲೆ ಮಲಗ್ಸಿದ್ರೆ ಹುಣ್ಣಾಗ್ತದೆ, ಒಂದ್ಸಲ ಚರ್ಮ ಒಡೆದ್ರೆ ಈ ವಯಸ್ಸಿಗೆ ಮಾಯೋದು ಕಷ್ಟ ಅಂತ ನರ್ಸಮ್ಮ ಹೇಳಿ ಹೋದ್ರು. ಎಲಾಸ್ಟಿಕ್ ಇರೋದು ಅಂಗಡಿಯಿಂದ ತಂದ್ವಿ. ನಮ್ಮದು ಹಳೇ ಮಂಚ, ಹತ್ತಿ ಹಾಸಿಗೆ. ಅದು ಕೂರ್ಲೇ ಇಲ್ಲ. ಎಂತ ಮಾಡೋದು ಹೇಳಿ.”

“ಮಾಡೋದೇನೈತಿ ತಂಗಿ? ಹಾಸಿಗೆಗೂ ಮೈ ಐತಿ, ಅಳತಿ ತಗೊಂಡು ಹೊಲಿದ್ರಾತು” ಎಂದೆ.

ಮರುದಿನ ಬಸ್ಸು ಹತ್ತಿದೆ. ಸೊರಬ ದಾಟಿದ ಮೇಲೆ ಕಿಟಕಿಯ ಬಿಸಿಲಿಗೆ ತೂಕಡಿಕೆ ಹತ್ತಿತು. ಕೊಯ್ಲಾದ ಗದ್ದೆಗಳು ಒಂದಕ್ಕೊಂದು ಬದುವಿನಿಂದ ಹೊಲಿದ ಹಾಗೆ ಹಿಂದಕ್ಕೆ ಸರಿಯುತ್ತಿದ್ದವು. ಎದ್ದರೆ ಜಡೆ.

ಶಾರದಳ ಮನೆಯ ಅಂಗಳದಲ್ಲಿ ಹಾಸಿಗೆಯನ್ನು ಬಿಸಿಲಿಗೆ ಹಾಕಿದ್ದರು. ಒಳಗೆ ಅವಳ ಗಂಡ ಮಾಸ್ತರ ಮೈ ಒರೆಸುತ್ತಿದ್ದ. ಹತ್ತಿ ಹಾಸಿಗೆ ಬಿಸಿಲು ಕುಡಿದು, ಹೆಂಚಿನ ಮೇಲಿನ ರೊಟ್ಟಿಯ ಹಾಗೆ ಉಬ್ಬಿ ನಿಂತಿತ್ತು. ಕೊರಳಿನ ಟೇಪು ತೆಗೆದು ಅದರ ಮೇಲೆ ಹಾಸಿದೆ.

“ಒಳಗೆ ಮಂಚಕ್ಕೆ ಹಾಕಿದ ಮೇಲೆ ಅಳೀರಿ ಅಣ್ಣ. ಅವಸರ ಎಂತದು? ಊಟ ಮಾಡ್ಕಂಡೇ ಹೋಗಿ” ಎಂದಳು ಶಾರದ.

“ಅಳತಿಗೆ ಬಿಸಿಲಾದ್ರೇನು, ನೆರಳಾದ್ರೇನು? ನಲವತ್ತು ವರ್ಷ ಇದೇ ಮಾಡೀನಿ” ಎಂದೆ.

ಈ ಮಾತನ್ನು ನೆನಪಿಟ್ಟುಕೊಳ್ಳಿ.

ಅವಳು ಒಂದು ಹಳೆಯ ಬಿಳಿ ಬೆಡ್‌ಶೀಟು ಕೊಟ್ಟಳು. ಒಗೆದೊಗೆದು ಬೆಣ್ಣೆಯ ಹಾಗಾಗಿತ್ತು. ರೋಗಿಯ ಮೈಗೆ ಹೊಸ ಬಟ್ಟೆಗಿಂತ ಇಂಥದೇ ಮೇಲು. ಕುಗ್ಗುವುದಿದ್ದರೆ ಆಗಲೇ ಕುಗ್ಗಿರುತ್ತದೆ. ಮನೆಗೆ ತಂದು ನೆಲದ ಮೇಲೆ ಹರವಿದೆ. ಬಾಗಿಲ ಬೆಳಕು ಅದರ ಮೇಲೆ ಬಿದ್ದು ಕೋಣೆ ತುಂಬ ಹಾಲು ಚೆಲ್ಲಿದ ಹಾಗಾಯಿತು. ಜರೀನಾ ಸೌಟು ಹಿಡಿದು ಬಾಗಿಲಲ್ಲಿ ನಿಂತಳು.

“ಇಷ್ಟು ವರ್ಷ ಮನುಷ್ಯರಿಗೆ ಹೊಲಿದ್ರಿ. ಈಗ ಹಾಸಿಗೆಗೆ ಚಡ್ಡಿ ಹೊಲೀತೀರಾ?”

“ಎಲಾಸ್ಟಿಕ್ ಹಾಕಿದ್ದೆಲ್ಲ ಚಡ್ಡಿ ಅಲ್ಲ. ನಿನ್ನ ಸೌಟಿನ ಕೆಲಸ ನೀ ನೋಡು” ಎಂದೆ. ಮನಸ್ಸಿನಲ್ಲಿ ನನಗೂ ನಗು ಬಂತು.

ಹುಡುಗಿಯರೇ, ಕೆಲಸ ಸುಲಭದ್ದು, ನೀವೂ ಮನೆಯಲ್ಲಿ ಮಾಡಬಹುದು. ಹಾಸಿಗೆಯ ಉದ್ದ, ಅಗಲ, ದಪ್ಪ ಅಳೆಯಿರಿ. ದಪ್ಪಕ್ಕೆ, ಹಾಸಿಗೆಯ ಅಡಿಗೆ ಮಡಚಿ ಹೋಗಲು ನಾಲ್ಕಿಂಚು ಕೂಡಿಸಿ. ಅಷ್ಟು ಬಟ್ಟೆ ನಾಲ್ಕೂ ಕಡೆ ಹೆಚ್ಚಿಗೆ ಇರಬೇಕು. ಇನ್ನು ಮೂಲೆ. ಅಕ್ಕಪಕ್ಕದ ಎರಡು ಅಂಚು ಒಂದರ ಮೇಲೊಂದು ಬರುವಂತೆ, ಬಟ್ಟೆಯ ಒಳಮೈ ಹೊರಗೆ ಮಾಡಿ, ಮೂಲೆಯನ್ನು ಓರೆಯಾಗಿ ಮಡಚಿ. ತುದಿಯಿಂದ, ದಪ್ಪ ಮತ್ತು ನಾಲ್ಕಿಂಚು ಎರಡೂ ಸೇರಿದಷ್ಟು ದೂರಕ್ಕೆ ಅಂಚಿನ ಮೇಲೆ ಗುರುತು ಹಾಕಿ, ಅಲ್ಲಿಂದ ಮಡಿಕೆಯವರೆಗೆ ನೆಟ್ಟಗೆ ಸೀಮೆಸುಣ್ಣದ ಗೆರೆ ಎಳೆದು, ಗೆರೆಯ ಮೇಲೆ ಹೊಲಿಯಿರಿ. ಬ್ಲೌಸಿಗೆ ಟಕ್ಸ್ ಹಿಡಿದ ಹಾಗೆಯೇ. ತಿರುಗಿಸಿದರೆ ಪೆಟ್ಟಿಗೆಯ ಮೂಲೆ ಸಿಗುತ್ತದೆ. ಒಳಗುಳಿದ ತ್ರಿಕೋನವನ್ನು ಕತ್ತರಿಸಲೇಬೇಡಿ. ಕತ್ತರಿಸಿದರೆ ಚೆಂದ ಕಾಣುತ್ತದೆ. ಉಳಿಸಿದರೆ ನಾಳೆ ತಪ್ಪು ತಿದ್ದಲು ದಾರಿ ಇರುತ್ತದೆ. ಇದೂ ಮಾಸ್ತರು ಕಲಿಸಿದ್ದೇ. ಆಮೇಲೆ ಅಂಚು ಮಡಚಿ ಕೊಳವೆಯ ಹಾಗೆ ಹೊಲಿದು, ಲಂಗಕ್ಕೆ ಲಾಡಿ ಪೋಣಿಸುವಂತೆ ಪಿನ್ನು ಸಿಕ್ಕಿಸಿ ಎಲಾಸ್ಟಿಕ್ ಎಳೆಯುವುದು. ನಾನು ನಾಲ್ಕು ಮೂಲೆಗೆ ಮಾತ್ರ ಎಲಾಸ್ಟಿಕ್ ಹಾಕಿದೆ. ಸಾಕು ಅನಿಸಿತು.

ಮೋಟಾರಿನಲ್ಲಿ ಒಂದು ಗಂಟೆಯೂ ಹಿಡಿಯಲಿಲ್ಲ. ಜಡೆಗೆ ಹೊರಟಿದ್ದ ಪರಿಚಯದವರ ಕೈಯಲ್ಲಿ ಕಳಿಸಿಬಿಟ್ಟೆ. ತೊಡಿಸಿ ನೋಡದೆ ಯಾವ ಬಟ್ಟೆಯನ್ನೂ ಕೊಡದವನು ನಾನು. ಹಾಸಿಗೆಗೆಂಥ ಟ್ರಯಲ್ ಅಂದುಕೊಂಡೆ. ಸಂಜೆ ಶಾರದ ಫೋನು ಮಾಡಿದಳು. “ಡೊಳ್ಳಿನ ಚರ್ಮದ ಹಾಗೆ ಕೂತಿದೆ ಅಣ್ಣ!” ನಾನು ಜರೀನಾಳ ಕಡೆ ನೋಡಿದೆ. ಅವಳು ಬೇಕೆಂದೇ ನನ್ನ ಕಡೆ ನೋಡಲಿಲ್ಲ.

ಮೂರನೆಯ ದಿನ ಮತ್ತೆ ಫೋನು. “ಅಣ್ಣ, ಮೂಲೆ ಹಿಡ್ಕಂಡಿದೆ, ಆದ್ರೆ ನಡುವೆ ಮತ್ತೆ ನೆರಿಗೆ ಬರ್ತಾ ಐತೆ. ಕೆಂಪು ಮೊದಲಿಗಿಂತ ಅಗಲ ಆಗಿದೆ.”

ಆಗ ನಾನು ಆಡಿದ ಮಾತನ್ನು ಬರೆಯಲು ಕೈ ಬರುವುದಿಲ್ಲ. ಆದರೂ ಬರೆಯಬೇಕು. “ನೀವು ಹೊರಳಿಸುವಾಗ ಬಟ್ಟಿ ಹಿಡಿದು ಎಳೀತೀರಿ ಅನಸ್ತೈತಿ ತಂಗಿ. ಮೆಲ್ಲಗೆ ಹೊರಳಿಸ್ರಿ” ಎಂದೆ.

“ಇರಬಹುದಣ್ಣ” ಎಂದು ಫೋನಿಟ್ಟಳು.

ಜಗಳವಾಡಿದ್ದರೆ ನಾನೂ ಆಡುತ್ತಿದ್ದೆ. ಆ “ಇರಬಹುದಣ್ಣ” ನನ್ನನ್ನು ಊಟಕ್ಕೆ ಕೂರಲು ಬಿಡಲಿಲ್ಲ. ಬೆಳಗೆದ್ದು ಅಪ್ಪನ ಮೈ ಒರೆಸಿ, ಅಂಗನವಾಡಿಗೆ ಹೋಗಿ, ನಡುವೆ ಓಡಿ ಬಂದು ಹೊರಳಿಸಿ ಹೋಗುವ ಹೆಣ್ಣುಮಗಳ ಕೈಯ ಮೇಲೆ ನನ್ನ ತಪ್ಪನ್ನು ಹೇರಿದ್ದೆ. ತಪ್ಪು ಏನೆಂದು ಮಾತ್ರ ಇನ್ನೂ ತಿಳಿದಿರಲಿಲ್ಲ.

ಮಧ್ಯಾಹ್ನ ಮಲಗಿದೆ. ಕನಸಿನಲ್ಲಿ ಮಷೀನು ಓಡಲಿಲ್ಲ. ಸೊರಬದ ಅಂಗಡಿ, ಹಂಚಿನ ಸಂದಿಯಿಂದ ಬಿಸಿಲಿನ ಕೋಲುಗಳು, ಅವುಗಳಲ್ಲಿ ಹತ್ತಿಯ ಎಳೆಗಳು ಮೇಲೇಳುತ್ತಿವೆ. ಟವೆಲ್ ಸುತ್ತಿದ ಡ್ರೈವರು ಸ್ಟೂಲಿನ ಮೇಲೆ ಕೂತಿದ್ದಾರೆ. ಮಾಸ್ತರು ಮೊಣಕಾಲೂರಿ ಅವರ ಸೊಂಟಕ್ಕೆ ಟೇಪು ಹಿಡಿದಿದ್ದಾರೆ. ನೋಡುತ್ತಿದ್ದ ಹಾಗೆ ಡ್ರೈವರು ಕೂತಲ್ಲೇ ಉಬ್ಬಿ ಹಾಸಿಗೆಯಾದರು. ಹಾಸಿಗೆ ಮೆಲ್ಲಗೆ ಇಳಿಯಿತು, ಇಳಿದು ಸ್ಟೂಲಿಗೆ ಅಂಟಿತು. ಮಾಸ್ತರು ತಿರುಗಿ ನನ್ನ ಕಡೆ ನೋಡಿದರು, ಅಷ್ಟೇ.

ಎದ್ದು ಕೂತೆ. ಬಿಸಿಲಿಗೆ ಉಬ್ಬಿದ ಹಾಸಿಗೆಯ ಹೊಟ್ಟೆಯ ಮೇಲೆ ಟೇಪು ಹಾಸಿದ್ದೆ ನಾನು. ಅದು ಮಂಚಕ್ಕೆ ಹೋಗಿ, ಮೇಲೆ ಮನುಷ್ಯ ಮಲಗಿದರೆ ಅದೇ ಅಳತೆ ಉಳಿಯುತ್ತದೆಯೇ? ಮನುಷ್ಯನಿಗಾಗಿ ಹೊಲಿಯುವುದಕ್ಕೆ ಮನುಷ್ಯನನ್ನೇ ಬಿಟ್ಟು ಅಳೆದಿದ್ದೆ. ಡ್ರೈವರನ್ನು ನಿಲ್ಲಿಸಿ ಅಳೆದ ತಪ್ಪನ್ನೇ ಎರಡನೇ ಸಲ ಮಾಡಿದ್ದೆ.

ಮರುದಿನ ಮೊದಲ ಬಸ್ಸಿಗೆ ಹೋದೆ. ಮಾಸ್ತರು ಅಂಗಾತ ಮಲಗಿದ್ದರು. ಸಣ್ಣಗಾಗಿದ್ದರು, ಕಣ್ಣು ಮಾತ್ರ ಅದೇ ಕಣ್ಣು. ಅವರ ಬೆನ್ನಡಿಗೆ ಅಂಗೈ ತೂರಿಸಿದೆ. ಸಿಕ್ಕಿತು, ಬೆರಳಿನಷ್ಟು ದಪ್ಪದ ನೆರಿಗೆ, ನನ್ನ ಕೈಯಾರೆ ಹೊಲಿದ ಬಟ್ಟೆಯದು. ಕೈ ತೆಗೆಯುವ ಮೊದಲೇ ಅವರ ತುಟಿ ಒಂದು ಕಡೆಗೆ ಎಳೆದುಕೊಂಡು ಅಲುಗಿತು.

“ಬಿ…ಚ್ಚು.”

ಶಾರದ ಕೈಯಲ್ಲಿದ್ದ ಲೋಟ ಕೆಳಗಿಟ್ಟಳು. “ಅಯ್ಯ! ಮಾತಾಡಿದ್ರು! ತಿಂಗಳುಗಟ್ಟಲೆ ಒಂದು ಶಬ್ದ ಸರಿಯಾಗಿ ಬಂದಿರಲಿಲ್ಲ ಅಣ್ಣ.” ನಗುತ್ತಿದ್ದಳು, ಕಣ್ಣೊರೆಸಿಕೊಳ್ಳುತ್ತಿದ್ದಳು.

ನಾನು ಎದ್ದು ನಿಂತೆ. “ತಂಗಿ, ನೀವು ಎಳೆದದ್ದಲ್ಲ. ಅಳತಿ ನಂದು, ತಪ್ಪೂ ನಂದೇ. ನೀ ಅವತ್ತೇ ಹೇಳಿದ್ದಿ, ಮಂಚಕ್ಕೆ ಹಾಕಿದ ಮೇಲೆ ಅಳೀರಿ ಅಂತ. ನಾ ಕೇಳಲಿಲ್ಲ. ಫೋನಿನಾಗೆ ಆಡಿದ ಮಾತು ಬಿಟ್ಟುಬಿಡು.”

“ಬಿಡಿ ಅಣ್ಣ, ಈಗ ಅದೆಲ್ಲ ಎಂತಕ್ಕೆ” ಎಂದಳು. ಆದರೆ ಅವಳ ಮುಖ ಸಡಿಲವಾದದ್ದು ನನಗೆ ಕಂಡಿತು.

ಮಾಸ್ತರನ್ನು ಒಂದು ಬದಿಗೆ ಹೊರಳಿಸಿ, ಅವರ ಬೆನ್ನಡಿಯಿಂದ ಟೇಪು ಹಾಯಿಸಿ, ಮತ್ತೆ ಮಲಗಿಸಿ ಅಳೆದೆ. ಉದ್ದದಲ್ಲಿ ಎರಡಿಂಚು, ಅಗಲದಲ್ಲಿ ಎರಡಿಂಚು ಬಟ್ಟೆ ಹೆಚ್ಚಾಗಿತ್ತು. ಅಷ್ಟು ಸಾಕು, ಒಂದು ಬೆನ್ನು ಕೆಡಲು.

“ಹೊಲಿಯೋಕೆ ಶಿಕಾರಿಪುರಕ್ಕೆ ಒಯ್ತೀರಾ?” ಎಂದಳು ಶಾರದ. ಆಗ ಕಿಟಕಿಯ ಹತ್ತಿರ ಬಟ್ಟೆ ಹೊದ್ದು ನಿಂತದ್ದು ನನ್ನ ಕಣ್ಣಿಗೆ ಬಿತ್ತು. ಮೇಲೆ ಔಷಧಿ ಬಾಟಲಿಗಳು. ಸೊರಬದ ಅಂಗಡಿಯ ಮಷೀನು. ನಾನು ದಾರವಿಲ್ಲದೆ ತುಳಿದ ಮಷೀನು. ಬಾಟಲಿ ತೆಗೆದೆ, ಧೂಳು ಒರೆಸಿದೆ, ಶಾರದ ತಂದ ತೆಂಗಿನೆಣ್ಣೆಯನ್ನು ಮಷೀನಿಗೆ ಹಾಕಬಾರದು ಎಂದು ಹೇಳಿ, ಪಕ್ಕದ ಮನೆಯಿಂದ ಮಷೀನೆಣ್ಣೆ ತರಿಸಿ ಬಿಟ್ಟೆ. ಒಣಗಿದ ಬೆಲ್ಟನ್ನು ಬಿಗಿದು ಕಟ್ಟಿದೆ. ಕೂತು ಮೂಲೆಗಳನ್ನು ಬಿಚ್ಚಿದೆ. ಕತ್ತರಿಸದೆ ಬಿಟ್ಟಿದ್ದ ತ್ರಿಕೋನಗಳು ಒಳಗೆ ಕಾದು ಕೂತಿದ್ದವು. ಹಳೆಯ ಗೆರೆಯಿಂದ ಒಂದಿಂಚು ಒಳಗೆ ಹೊಸ ಗೆರೆ ಎಳೆದೆ.

ಕಾಲಿಟ್ಟೆ. ಮೊದಲು ಕೀರಲು, ಆಮೇಲೆ ಆ ಹಳೆಯ ಸದ್ದು. ದೂರದಲ್ಲಿ ಅಡಿಕೆ ಸುಲಿಯುವ ಹಾಗೆ, ಮಳೆ ನಿಂತ ಮೇಲೆ ಹನಿಯುವ ಸೂರಿನ ಹಾಗೆ. ಮಾಸ್ತರು ಕಣ್ಣು ಮುಚ್ಚಿ ಕೇಳುತ್ತಿದ್ದರು. ಎರಡನೇ ಮೂಲೆಯಲ್ಲಿ ನನ್ನ ಕಾಲು ಸ್ವಲ್ಪ ಓಡಿತು. ಮಂಚದಿಂದ, “ಮೆ…ಲ್ಲ.” ನಿಧಾನ ಮಾಡಿದೆ.

ಮೂರನೇ ಮೂಲೆಗೆ ಬಂದಾಗ ಬೆನ್ನು ತಿರುಗಿಸಿ ಕೂತದ್ದೇ ಅನುಕೂಲವಾಯಿತು. “ಮಾಸ್ತರೇ, ಆ ಡ್ರೈವರ್ ಪ್ಯಾಂಟು ನಾನು ಹೊಲಿದದ್ದು. ಕೂರಿಸಿ ಅಳೆದಿರಲಿಲ್ಲ. ಅವತ್ತು ಹೇಳಲಿಲ್ಲ, ಈಗ ಹೇಳ್ತೀನಿ.”

ನಾನು ಹೊಲಿಯುತ್ತ ಹೋದೆ. ಮೂಲೆ ಮುಗಿಸಿ ದಾರ ಕಡಿಯುವಾಗ ಮಂಚದಿಂದ ಒಂದೇ ಶಬ್ದ ಬಂತು.

“ಕೆಂ…ಪು.”

“ಎಂತದು ಕೆಂಪು ಅಪ್ಪ? ಬೆನ್ನು ಉರಿತದನಾ?” ಎಂದು ಶಾರದ ಗಾಬರಿಯಾದಳು.

ನಾನು ಮಷೀನಿನ ಮೇಲೆ ತಲೆಯಿಟ್ಟು ನಕ್ಕೆ. ಅವಳಿಗೆ ಡ್ರೈವರ ಚಡ್ಡಿಯ ಕತೆ ಹೇಳಬೇಕಾಯಿತು. ಅವಳು ಸೆರಗು ಬಾಯಿಗಿಟ್ಟುಕೊಂಡಳು. ಮಾಸ್ತರ ಮುಖದ ಎಡಭಾಗ ಮಾತ್ರ ನಗುತ್ತಿತ್ತು. ಒಂಬತ್ತು ವರ್ಷದಲ್ಲಿ ನಾನು ನೋಡದ ನಗು ಅದು, ಅರ್ಧವೇ ಆದರೂ.

ಈ ಸಲ ಎಲಾಸ್ಟಿಕ್ಕನ್ನು ಸುತ್ತಲೂ ಪೋಣಿಸಿದೆ, ಹಾಸಿಗೆ ಇಳಿದಷ್ಟು ಬಟ್ಟೆಯೂ ಇಳಿಯಲೆಂದು. ತೊಡಿಸಿದೆವು. ಮಾಸ್ತರನ್ನು ಮಲಗಿಸಿದೆವು. ನಾನು ಬಸ್ಸಿಗೆ ಹೋಗಲಿಲ್ಲ. ಎರಡು ತಾಸು ಕಾದು, ಹೊರಳಿಸಿದ ಮೇಲೆ ಕೈ ಹಾಕಿ ನೋಡಿದೆ. ಊಟ ಮಾಡಿ, ಇನ್ನೆರಡು ತಾಸು ಕಾದು ಮತ್ತೆ ನೋಡಿದೆ. ಒಂದು ಸಲ ಅಂಬ್ಲಿಗೊಳ ಜಲಾಶಯದ ದಂಡೆಯಲ್ಲಿ ಗಾಳಿಯಿಲ್ಲದ ಮಧ್ಯಾಹ್ನ ನಿಂತಿದ್ದೆ. ಆ ನೀರಿನ ಹಾಗಿತ್ತು ಬಟ್ಟೆ. ಒಂದು ಗೆರೆ ಇಲ್ಲ.

ಮಾಸ್ತರು ಚಲನೆಯಿರುವ ಎಡಗೈಯನ್ನು ತಿರುಗಿಸಿ, ಅಂಗೈಯ ಹಿಂಬದಿಯಿಂದ ಪಕ್ಕದ ಬಟ್ಟೆಯನ್ನು ಸವರಿದರು. ಒಂದೇ ಸಲ. ನಾನು ಕೈಕಟ್ಟಿ ನಿಂತೆ, ಹದಿನೇಳರ ಹುಡುಗನ ಹಾಗೆ.

“ಮಡ…ಚು.”

“ಹೆಂಗೆ ಮಡಚಲಿ ಮಾಸ್ತರೇ? ಮೇಲೆ ನೀವೇ ಮಲಗೀರಲ್ಲ!”

“ಎಲಾಸ್ಟಿಕ್ ಬಟ್ಟೆ ಮಡಚೋಕೆ ಬರೋದೇ ಇಲ್ಲಪ್ಪ, ಮುದ್ದೆನೇ ಮಾಡಿಡಬೇಕು” ಎಂದಳು ಶಾರದ.

ಅವರು ಆಗಲೇ ಕಣ್ಣು ಮುಚ್ಚಿದ್ದರು.

ಬೆನ್ನಿನ ಕೆಂಪು ಮುಂದಿನ ವಾರ ಕಡಿಮೆಯಾಯಿತು, ಆಮೇಲಿನ ವಾರ ಹೋಯಿತು. ಚರ್ಮ ಒಡೆಯಲಿಲ್ಲ. ಒಗೆಯಲು ಬದಲಿ ಬೇಕಲ್ಲ, ಅದೇ ಅಳತೆಯಲ್ಲಿ ಇನ್ನೆರಡು ಹೊಲಿದು ನಾನೇ ಒಯ್ದು ತೊಡಿಸಿ ಬಂದೆ. ಈಗ ಯಾರಾದರೂ ಹಾಸಿಗೆ ಬಟ್ಟೆ ಕೇಳಿದರೆ ಮೊದಲು ಕೇಳುವುದು, ಅದರ ಮೇಲೆ ಮಲಗುವವರು ಯಾರು ಎಂದು. ನೀವೂ ಕೇಳಿ. ಅವರನ್ನು ಮಲಗಿಸಿ ಅಳೆಯಿರಿ. ನಗುವವರು ನಗಲಿ.

“ಮಡಚು” ಎನಿಸಿಕೊಂಡ ಆ ಮಧ್ಯಾಹ್ನದ ಒಂದು ಮಾತು ಉಳಿದಿದೆ. ಸಂಜೆಯ ಬಸ್ಸಿಗೆ ಇನ್ನೂ ಹೊತ್ತಿತ್ತು. ಮಂಚದ ಪಕ್ಕದ ಕುರ್ಚಿಯಲ್ಲಿ ಒರಗಿದೆ. ಮಾಸ್ತರ ಮುಂದೆ ಕಣ್ಣು ಮುಚ್ಚುವ ಧೈರ್ಯ ಅಂಗಡಿಯಲ್ಲಿ ಒಂದು ದಿನವೂ ನನಗೆ ಇರಲಿಲ್ಲ. ಅವತ್ತು ನಿದ್ದೆ ಬಂದೇಬಿಟ್ಟಿತು. ಬಿಳಿ ಬಟ್ಟೆ ಸೂಜಿಯ ಕೆಳಗೆ ಹಾದು, ಅಂಗಳ ದಾಟಿ, ಗದ್ದೆಯ ಬದುಗಳ ಮೇಲೆ ಸರಿಯುತ್ತ ಹೋಯಿತು. ಶಾರದ ಚಹಾ ತಂದು ಎಬ್ಬಿಸಿದಾಗ ಅವಳು ಬಾಗಿಲಲ್ಲಿ ಬಹಳ ಹೊತ್ತಿನಿಂದ ನಿಂತಿದ್ದ ಹಾಗಿತ್ತು.

“ಎಬ್ಬಿಸೋಕೆ ಮನಸ್ಸು ಬರಲಿಲ್ಲ ಅಣ್ಣ” ಎಂದಳು. “ನಿಮ್ಮ ಬಲಗಾಲು ಆಡ್ತಾ ಇತ್ತು. ಕಂಬಳಿ ಒಳಗೆ ಅಪ್ಪನ ಎಡಗಾಲೂ ಆಡ್ತಾ ಇತ್ತು. ಇಬ್ರೂ ಸೇರಿ ಒಂದೇ ಮಷೀನು ತುಳಿದಂಗಿತ್ತು.”